ಸಂತಾಪ ಸಭೆಗೆ ನುಗ್ಗಿದವರು

ಬಸ್ ಡ್ರೈವರ್ ತೀರಿಹೋದ ವಾರದಲ್ಲಿ ಅವನ ತಮ್ಮ ವಿಡಿಯೋ ಕಾಲ್‌ನಲ್ಲಿ ಸಂತಾಪ ಸಭೆ ಇಟ್ಟ. ಮುಖ್ಯವಾಗಿ ಅವರಿಬ್ಬರ ಅಕ್ಕನಿಗಾಗಿ. ಬೇರೆ ಊರಿನ ಆಸ್ಪತ್ರೆಯಲ್ಲಿ ಮಲಗಿದ್ದ ಆಕೆಗೆ ಸತ್ತವನ ಮುಖ ನೋಡಲೂ ಆಗಿರಲಿಲ್ಲ. "ಅವನ ಬಗ್ಗೆ ಎರಡು ಮಾತಾದ್ರೂ ಆಡ್ತೀನಿ ಕಣೋ" ಎಂದಿದ್ದಳು.

ತಮ್ಮನು ಸಭೆಯ ಲಿಂಕನ್ನು ಬಸ್ಸಿನವರ ಗ್ರೂಪು, ಬೀದಿಯ ಗ್ರೂಪು, ಕಂಡಕಂಡಲ್ಲೆಲ್ಲ ಹಾಕಿದ. ಪಕ್ಕದ ಮನೆಯ ಕಂಪ್ಯೂಟರ್ ಟೀಚರ್ ತಡೆದರು.

"ಹಾಗೆಲ್ಲ ಹಾಕ್ಬೇಡಪ್ಪಾ. ಪಾಸ್‌ವರ್ಡ್ ಇಡು. ಬಂದವರು ಹೊರಗೆ ಕಾಯ್ಲಿ, ನೀನು ನೋಡಿ ಒಳಗೆ ಬಿಡು."

"ಸಾವಿನ ಮನೆಗೆ ಬಂದವರನ್ನ ಯಾರು ನೀವು ಅಂತ ಕೇಳೋಕಾಗುತ್ತಾ ಟೀಚರ್? ಅಣ್ಣನ ಬಸ್ಸಲ್ಲಿ ಓಡಾಡಿದವರೆಲ್ಲ ಬರ್ಲಿ."

ಕಾಯಿಸುವ ವ್ಯವಸ್ಥೆಯನ್ನು ತಾನೇ ಆಫ್ ಮಾಡಿದ. ಒಳ್ಳೆಯ ಮನಸ್ಸಿನಿಂದಲೇ ಮಾಡಿದ, ಅದೇ ಎಡವಟ್ಟಾಯಿತು.

ಸಭೆಯ ದಿನ ಅಕ್ಕ ಮಾತು ಶುರುಮಾಡಿದಳು. "ಇವನು ಚಿಕ್ಕವನಿದ್ದಾಗ ಒಂದ್ಸಲ..." ಅಷ್ಟೇ. ಮುಖವಿಲ್ಲದ ಚೌಕಗಳು ದಬದಬನೆ ಪರದೆ ತುಂಬಿದವು. ಕೇಕೆ, ಹೊಲಸು ಬೈಗುಳ. ಅಣ್ಣನ ಫೋಟೋ ಇದ್ದ ಜಾಗದಲ್ಲಿ ಹೇಳಬಾರದ ಚಿತ್ರ. ಒಬ್ಬನನ್ನು ಹೊರಹಾಕಿದರೆ ಅದೇ ಹೆಸರಿನಲ್ಲಿ ಹತ್ತು ಜನ. ಅತ್ತಿಗೆ ಮಕ್ಕಳ ಕಣ್ಣು ಮುಚ್ಚಿದಳು. ಅಕ್ಕನ ಚೌಕ ಕಾಣೆಯಾಯಿತು.

"ನಮ್ಮ ಮೇಲೆ ಯಾರಿಗೆ ಇಷ್ಟು ದ್ವೇಷ?" ತಮ್ಮ ತಲೆ ಹಿಡಿದು ಕುಳಿತ.

"ದ್ವೇಷ ಎಲ್ಲಿ ಬಂತು? ನೀವು ಯಾರಂತಾನೇ ಅವರಿಗೆ ಗೊತ್ತಿಲ್ಲ" ಎಂದರು ಟೀಚರ್. "ಎಲ್ಲೆಂದರಲ್ಲಿ ಬಿದ್ದಿರೋ ಲಿಂಕ್ ಹುಡುಕಿ ತಾನಾಗೇ ನುಗ್ಗೋ ಪ್ರೋಗ್ರಾಂಗಳಿವೆ. ಬಂದವರಲ್ಲಿ ಎಷ್ಟೋ ಜನ ಮನುಷ್ಯರೇ ಅಲ್ಲ."

ಕೆಲವು ದಿನ ಬಿಟ್ಟು ಮತ್ತೆ ಸಭೆ. ಹೊಸ ಲಿಂಕು, ಪಾಸ್‌ವರ್ಡು ಒಬ್ಬೊಬ್ಬರಿಗೇ ಹೋಯಿತು. ಎಲ್ಲರ ಮೈಕ್ ಮುಚ್ಚಿತ್ತು. ಸ್ಕ್ರೀನ್ ತೋರಿಸುವ ಅವಕಾಶ ತಮ್ಮನೊಬ್ಬನಿಗೇ ಇತ್ತು. ಗುರುತು ಸಿಗದವರಿಗೆ ಫೋನ್ ಮಾಡಿ ಕೇಳಿಯೇ ಒಳಗೆ ಬಿಟ್ಟ. ಮೂಗಿನ ತುದಿಯೊಂದೇ ಕಾಣುವ ಫೋಟೋ ಹಾಕಿಕೊಂಡಿದ್ದ ಸೋದರಮಾವನಿಗೂ ಫೋನ್ ಹೋಯಿತು. "ಕೇಳಿದ್ದು ಒಳ್ಳೇದಾಯ್ತು ಬಿಡೋ" ಎಂದರು ಅವರು. ಎಲ್ಲರೂ ಬಂದ ಮೇಲೆ, ಇನ್ನು ಯಾರೂ ಒಳಬರದಂತೆ ಟೀಚರ್ ಸಭೆಗೆ ಬೀಗ ಹಾಕಿಸಿದರು. ಒಂದು ಹುಳವೂ ನುಗ್ಗಲಿಲ್ಲ.

ಅಕ್ಕನೂ ಬಂದಳು. ನರ್ಸ್ ಫೋನ್ ಹಿಡಿದಿದ್ದಳು. ಆದರೆ ಅಷ್ಟರಲ್ಲಿ ಕಾಯಿಲೆ ಹೆಚ್ಚಿ ಆಕೆಯ ಮಾತು ನಿಂತುಹೋಗಿತ್ತು. ತಮ್ಮ ಆಕೆಯ ಮೈಕ್ ತೆರೆದು ಕಾದ. ಉಸಿರಾಟ ಮಾತ್ರ ಕೇಳಿಸಿತು.

ಓದುಗರೇ, ಲಿಂಕನ್ನು ಎಲ್ಲರಿಗೂ ಕಾಣುವಲ್ಲಿ ಹಾಕಬೇಡಿ. ಪಾಸ್‌ವರ್ಡ್ ಇಡಿ, ಯಾರೆಂದು ನೋಡಿ ಒಳಗೆ ಬಿಡಿ, ಎಲ್ಲರೂ ಬಂದ ಮೇಲೆ ಬೀಗ ಹಾಕಿ. ಇದನ್ನು ಮೊದಲ ಸಭೆಗೇ ಮಾಡಿ. ಚಿಕ್ಕವನಿದ್ದಾಗ ಆ ಡ್ರೈವರ್ ಏನು ಮಾಡಿದ್ದನೋ, ಅವನ ಮಕ್ಕಳಿಗೆ ಇನ್ನು ಯಾರೂ ಹೇಳಲಾರರು.