ಅಮ್ಮನ ರಾಡು, ಪ್ರೇಮಮ್ಮನ ಆಂಜನೇಯ

ನಮ್ಮಮ್ಮ ಹುಚ್ಚಮ್ಮ ಬಚ್ಚಲಲ್ಲಿ ಜಾರಿ ಬಿದ್ದಾಗ ಭದ್ರಾವತಿಯ ನಮ್ಮ ಸಾಲುಮನೆಗಳೆಲ್ಲ ಅಲ್ಲಾಡಿದವು. ಭೂಕಂಪ ಅಂತ ಬೀದಿಗೆ ಓಡಿದವರನ್ನು ನಾನೇ ಕಣ್ಣಾರೆ ನೋಡಿದ್ದೇನೆ. ಅಮ್ಮನಿಗೆ ಏನೂ ಆಗಲಿಲ್ಲ. ಪ್ಲಾಸ್ಟಿಕ್ ಸ್ಟೂಲು ಮಾತ್ರ ಚಪಾತಿಯಾಯಿತು.

"ಸ್ನಾನ ಮಾಡ್ಸೋಕೆ ಒಬ್ಬ ಹೆಂಗಸನ್ನ ಇಡೋಣ ಅತ್ತೆ," ಎಂದಳು ನನ್ನ ಹೆಂಡತಿ ಸುಮನಾ.

"ನನ್ ಮೈ ನಾನೇ ತೊಳ್ಕೊಳ್ತೀನಿ. ಬೇರೆ ಯಾರಾದ್ರೂ ಒಳಗೆ ಕಾಲಿಟ್ರೆ ಆವತ್ತಿಂದ ಸ್ನಾನನೇ ಬಿಡ್ತೀನಿ."

ಬಿಡುವವಳೇ. ಅದಕ್ಕೇ ನಾನು ಶಿವಮೊಗ್ಗದಿಂದ ಸ್ಟೀಲ್ ರಾಡು ತಂದೆ, ಹಿಡಿದುಕೊಂಡು ಕೂರಲು, ಏಳಲು. ಆಲ್ಕೊಳದ ಪ್ಲಂಬರ್ ನಿಶಾಂತ್ ಬಂದು ಗೋಡೆ ಕೊರೆದು ಉದ್ದುದ್ದ ಬೋಲ್ಟು ತೂರಿಸಿ ಕೂರಿಸಿದ. ಅಮ್ಮ ಅದನ್ನು ಬೀಗರ ಮನೆಯ ಕಾಫಿಯನ್ನು ನೋಡುವ ಹಾಗೆ ನೋಡಿದಳು.

"ಎಳೆದ್ರೆ ಕಿತ್ಕೊಂಡ್ ಬಂದ್ರೆ?"

"ಸಕ್ರೆಬೈಲಿಂದ ಆನೆ ತಂದು ಕಟ್ಟಿ ಅಜ್ಜಿ, ಬರಲ್ಲ."

"ಕಟ್ಟಿ ತೋರ್ಸು."

ಆನೆ ಸಿಗದ ಕಾರಣ ನಾನು ಜೋತುಬಿದ್ದು ತೋರಿಸಿದೆ. ಅಮ್ಮ ನನ್ನ ಹೊಟ್ಟೆ ನೋಡಿ ಅರ್ಧ ಒಪ್ಪಿದಳು.

ಒಂದು ವಾರ ಕಳೆದಿರಬೇಕು. ಪಕ್ಕದ ಮನೆಯ ಪ್ರೇಮಮ್ಮ ಎಂದಿನಂತೆ ಶನಿವಾರದ ಪೂಜೆಯ ಕೋಸಂಬರಿ ತಂದರು. ನಮಗೂ ಅವರಿಗೂ ನಡುವೆ ಒಂದೇ ಗೋಡೆ.

"ನಮ್ಮನೆ ಆಂಜನೇಯ ಬೆಳಿಗ್ಗೆ ಬೆಳಿಗ್ಗೆ ತಲೆ ಆಡಿಸ್ತಾನೆ ಕಣೋ ಪುಟ್ಟಯ್ಯ! ಗೋಡೇಲಿ ತಾನಾಗೇ ಒಂದು ಮೊಳೆ ಮೂಡಿತ್ತು. ಫೋಟೋ ನೇತುಹಾಕ್ದೆ. ಅಷ್ಟೇ, ಶುರು."

ಕೋಸಂಬರಿ ಅಲ್ಲೇ ಬಿಟ್ಟು ಅವರ ಹಿಂದೆಯೇ ಹೊರಟೆ. ಹೋಗಿ ನೋಡಿದರೆ ಅನುಮಾನ ನಿಜವಾಗಿತ್ತು. ನಿಶಾಂತನ ಬೋಲ್ಟು ಗೋಡೆ ದಾಟಿ ಅವರ ದೇವರ ಮೂಲೆಗೆ ಬಂದಿತ್ತು. ಅಮ್ಮ ಅತ್ತ ರಾಡು ಎಳೆದರೆ ಇತ್ತ ದೇವರು ಹೂಂ ಅನ್ನುತ್ತಿದ್ದ.

ದೇವರ ಫೋಟೋಗೆ ಬಚ್ಚಲಿನ ಬೋಲ್ಟು ಅಂತ ಗೊತ್ತಾದರೆ ಪ್ರೇಮಮ್ಮ ಅದನ್ನು ಕೀಳಿಸದೆ ಬಿಡುವುದಿಲ್ಲ. ರಾಡು ಹೋದರೆ ಸುಮನಾ ಹೇಳಿದ ಹೆಂಗಸು ಬರುತ್ತಾಳೆ, ಅಮ್ಮ ಸ್ನಾನ ಬಿಡುತ್ತಾಳೆ. ನಾನು ಬಾಯಿ ಮುಚ್ಚಿಕೊಂಡೆ.

ಊರು ಮುಚ್ಚಿಕೊಳ್ಳಲಿಲ್ಲ. ಬೆಳಗಾದರೆ ಪ್ರೇಮಮ್ಮನ ಬಾಗಿಲಲ್ಲಿ ಚಪ್ಪಲಿಗಳ ರಾಶಿ. ವಿನೋಬನಗರದಿಂದ ಬಂದವರೊಬ್ಬರು ಮಗಳಿಗೆ ಬಂದ ಮೂರು ಗಂಡುಗಳಲ್ಲಿ ಯಾವುದು ಆಗಬಹುದು ಅಂತ ಕೇಳಿದರು. ಅಮ್ಮ ಆಗ ಕಾಲುಜ್ಜಲು ಬಗ್ಗಿ ಎದ್ದು ಮಾಡುತ್ತಿದ್ದಳು. ದೇವರು ಮೂರೂ ಗಂಡುಗಳಿಗೆ ಒಪ್ಪಿಬಿಟ್ಟ.

ನಂಬದವರು ಪ್ರೇಮಮ್ಮನ ಗಂಡ ದೇವರಾಜ್ ಒಬ್ಬರೇ. ಕಾರ್ಖಾನೆಯಲ್ಲಿ ಮಾಲು ತಪಾಸಣೆ ಮಾಡಿ ರಿಟೈರ್ ಆದವರು, ಹಾಲಿನ ಪ್ಯಾಕೆಟ್ಟನ್ನೂ ತಟ್ಟಿ ನೋಡಿಯೇ ತೆಗೆದುಕೊಳ್ಳುತ್ತಿದ್ದರು. ಈಗ ಗೋಡೆಗೆ ಕಿವಿ ಇಟ್ಟು ಕೂರತೊಡಗಿದರು. ಒಂದು ದಿನ ಗೇಟಿನಲ್ಲಿ ನನ್ನನ್ನು ಹಿಡಿದರು.

"ನಿಮ್ಮಮ್ಮ ಎಷ್ಟೊತ್ತಿಗೆ ಸ್ನಾನ ಮಾಡೋದು?"

"ಯಾಕಣ್ಣ?"

"ನಮ್ ದೇವ್ರಿಗೂ ಅದೇ ಟೈಮಿಗೆ ಹುಮ್ಮಸ್ಸು ಬರುತ್ತೆ, ಅದಕ್ಕೆ."

ಮರುದಿನ ಪ್ರೇಮಮ್ಮ ಗುಡಿಗೆ ಹೋದದ್ದೇ ತಡ, ದೇವರಾಜ್ ಸ್ಪ್ಯಾನರ್ ಹಿಡಿದು ನಮ್ಮ ಬಚ್ಚಲಿಗೇ ಬಂದರು. ಅಮ್ಮನ ಕೈಲಿ ರಾಡು ಎಳೆಸಿದರು, ತಮ್ಮ ಮನೆಗೆ ಓಡಿದರು, ಮತ್ತೆ ಓಡಿ ಬಂದರು. ರಾಡಿನ ಕಥೆ ಮುಗಿಯಿತು ಅಂದುಕೊಂಡೆ.

"ಲೋ ಪುಟ್ಟಯ್ಯ, ಆ ಬೋಲ್ಟಿಗೆ ನಟ್ಟೇ ಹಾಕಿಲ್ಲ! ನನ್ ಹೆಂಡ್ತಿ ದೇವ್ರ ಫೋಟೋದ ತಂತಿನ ಅದಕ್ಕೆ ಬಿಗಿಯಾಗಿ ಸುತ್ತಿದಾಳೆ. ಇಷ್ಟು ದಿನ ನಿಮ್ಮಮ್ಮನ್ನ ಹಿಡ್ಕೊಂಡಿರೋನು ಆಂಜನೇಯ!"

"ನಾನ್ ಆವತ್ತೇ ಬಡ್ಕೊಂಡೆ," ಎಂದಳು ಅಮ್ಮ.

"ಪ್ರೇಮಮ್ಮನಿಗೆ ಹೇಳ್ತೀರಾ ಅಣ್ಣ?"

"ಹೇಳಿದ್ರೆ ಕೀಳಿಸ್ತಾಳೆ. ಕಿತ್ರೆ ಇವ್ರು ಮತ್ತೆ ಬೀಳ್ತಾರೆ. ಹೋದ ಸಲ ಬಿದ್ದಾಗ ನಮ್ಮನೆ ಹೆಂಚು ಉದುರಿದ್ದು ಸಾಕು ಮಾರಾಯ."

ತಮ್ಮ ಕಡೆಯಿಂದ ವಾಷರ್ ಹಾಕಿ, ನಟ್ಟು ತಿರುಗಿಸಿ, ಅದರ ಮೇಲೇ ದೇವರನ್ನು ನೇತುಹಾಕಿದರು. ರಾಡು ಬಂಡೆಯಾಯಿತು.

ಮಾರನೆಯ ಬೆಳಿಗ್ಗೆ ದೇವರೂ ಬಂಡೆಯಾದ. ಕಾದು ಕಾದು ಜನ ಚಪ್ಪಲಿ ಮೆಟ್ಟಿಕೊಂಡು ಹೊರಟರು. "ಏನ್ ತಪ್ಪಾಯ್ತು ಸ್ವಾಮಿ?" ಅಂತ ಪ್ರೇಮಮ್ಮ ಅಳುವುದು ಗೋಡೆಯಾಚೆಯಿಂದ ಕೇಳುತ್ತಿತ್ತು. ಅಮ್ಮ ಒಳಗೆ ಚಿಲಕ ಹಾಕಿಕೊಂಡು ಸ್ನಾನ ಮಾಡುತ್ತಿದ್ದಳು. ಅಷ್ಟರಲ್ಲಿ ಒಳಗಿಂದ ಧಡ್ ಅಂತ ಒಂದು ಸದ್ದು. ನಾನು ಬಚ್ಚಲ ಬಾಗಿಲಿಗೆ ಓಡಿದೆ.

"ಆಡಿಸ್ದ! ತಲೆ ಆಡಿಸ್ದ!" ಗೋಡೆಯಾಚೆ ಪ್ರೇಮಮ್ಮ ಕೂಗಿದರು.

ಅಮ್ಮ ತಲೆಗೆ ಟವೆಲ್ ಸುತ್ತಿಕೊಂಡು ಹೊರಬಂದಳು. ಕೈಯಲ್ಲಿದ್ದ ಹಿತ್ತಾಳೆ ಚೊಂಬಿನ ಮೂತಿ ಸೊಟ್ಟಗಾಗಿತ್ತು.

"ಏನಮ್ಮ ಅದು ಸದ್ದು?"

"ಗೋಡೆ ಗಟ್ಟಿ ಇದ್ಯಾ ಅಂತ ನೋಡ್ದೆ."

"ಚೊಂಬಲ್ಲಾ?"

"ಸುಮ್ನಿರೋ. ಇವತ್ತು ಶನಿವಾರ, ಕೋಸಂಬರಿ ಬರುತ್ತೆ."