ಎಲ್ವೀರಾಳ ಜಮಖಾನ

ಲಿಮಾದ ನಮ್ಮ ಇಗರ್ಜಿಯಲ್ಲಿ ಹೆಂಗಸರಿಗೆ ಬೆಂಚಿಲ್ಲ. ಸ್ಪೇನಿನ ರಕ್ತದ ದೊರೆಸಾನಿಯರು ಮುಂದೆ ಜಮಖಾನದ ಮೇಲೆ ಕೂರುತ್ತಾರೆ. ಅದನ್ನು ಹೊತ್ತು ತರುವ ನನ್ನಂಥ ಕಪ್ಪು ಗುಲಾಮ ಹೆಂಗಸರು ಹಿಂದೆ, ಬರಿಗಲ್ಲಿನ ಮೇಲೆ. ನನ್ನ ಎದೆಹಾಲು ಕುಡಿದು ಬೆಳೆದ ಎಲ್ವೀರಾಳಿಗೆ ಮೂವತ್ತು ವರ್ಷದಿಂದ ನಾನೇ ಜಮಖಾನ ಹಾಸುತ್ತಿದ್ದೇನೆ.

ಈ ಭಾನುವಾರ ಬಗ್ಗಿ ಹಾಸುವಾಗ ನನ್ನ ಮಂಡಿ ಲಟಕ್ಕೆಂದಿತು. ಎಲ್ವೀರಾ ಪಕ್ಕಕ್ಕೆ ಸರಿದು ಜಮಖಾನ ತಟ್ಟಿದಳು.

"ಬಾ ತೊಮಾಸಾ, ಇಲ್ಲೇ ಕೂತ್ಕೊ."

"ತಲೆ ಕೆಟ್ಟಿದ್ಯಾ ಅಮ್ಮಾವ್ರೇ ನಿಮ್ಗೆ? ಅಲ್ಲಿ ಕೂತ್ರೆ ಚಾವಟಿ ಏಟು ಬೀಳೋದು ನನ್ನ ಬೆನ್ನಿಗೆ, ನಿಮ್ಮ ಬೆನ್ನಿಗಲ್ಲ" ಎಂದು ಗೊಣಗಿ, ಹಿಂದೆ ಹೋಗಿ ನನ್ನ ಕಲ್ಲಿನ ಮೇಲೆ ಕೂತೆ.

ಅವಳು ಎದ್ದು ಬಂದು, ರೇಷ್ಮೆ ಲಂಗ ಒತ್ತರಿಸಿಕೊಂಡು, ನನ್ನ ಪಕ್ಕದ ಕಲ್ಲಿನ ಮೇಲೆ ಕೂತಳು. ಮುಂದಿನ ಸಾಲಿನ ಬೀಸಣಿಗೆಗಳೆಲ್ಲ ಗಕ್ಕನೆ ನಿಂತವು. ಅವುಗಳ ನಡುವೆ ನಮ್ಮ ಜಮಖಾನ ಖಾಲಿ ಬಿದ್ದಿತ್ತು.

"ಕಲ್ಲು ಇಷ್ಟೊಂದು ತಣ್ಣಗಿರುತ್ತಾ?" ಎಂದು ಪಿಸುಗುಟ್ಟಿದಳು.

"ಇದು ಗೊತ್ತಾಗೋಕೆ ಮೂವತ್ತು ವರ್ಷ ಬೇಕಾಯ್ತಾ ನಿಂಗೆ?" ಎಂದು ಗದರಿದೆ. ಗದರುತ್ತಲೇ ನನ್ನ ಶಾಲು ಮಡಿಸಿ ಅವಳ ಕೆಳಗೆ ತುರುಕಿದೆ.