ಕವಡೆ ಕಣ್ಣಿನ ಗೊಂಬೆ

ಆ ಗೊಂಬೆಗೆ ರೆಪ್ಪೆಗಳೇ ಇರಲಿಲ್ಲ. ನಾನು ನಾಲ್ಕನೇ ಕ್ಲಾಸಿನಲ್ಲಿದ್ದಾಗ ಭಾನುವಾರ ಬೆಳಿಗ್ಗೆ ಟೀವಿಯಲ್ಲಿ ಮಕ್ಕಳಿಗೆಂದು ಬರುತ್ತಿದ್ದ ಯಾವುದೋ ಹೊರದೇಶದ ಕಥೆಯ ಗೊಂಬೆ ಅದು. ಬೋಳುತಲೆಯ ಆ ಗೊಂಬೆ ತಡೆದು ತಡೆದು ನಡೆಯುತ್ತಿತ್ತು, ಮಾತು ಮುಗಿದ ಮೇಲೂ ಬಾಯಿ ಆಡಿಸುತ್ತಿತ್ತು. ಒಂದು ವಾರ ಕತ್ತು ಹೊರಳಿಸಿ ನೇರ ನನ್ನನ್ನೇ ನೋಡಿತು. ನಾನು ಮುಳಬಾಗಿಲಿನ ನಮ್ಮ ಬೀದಿಗೆಲ್ಲ ಕೇಳುವಂತೆ ಚೀರಿದೆ.

ಅವತ್ತೇ ಅನಂತಲಕ್ಷ್ಮಿ ಅಜ್ಜಿಯ ಅಪ್ಪಣೆಯಾಯಿತು: "ಇನ್ಮೇಲೆ ಭಾನುವಾರ ಬೆಳಿಗ್ಗೆ ಟೀವಿ ಹಾಕೋ ಹಾಗಿಲ್ಲ. ಮಗು ಹೆದರ್ಕೊಂಡಿದೆ."

ನನಗೆ ದೃಷ್ಟಿ ತೆಗೆದು, ಟೀವಿಗೆ ಕಸೂತಿ ಬಟ್ಟೆ ಹೊದಿಸಿಬಿಟ್ಟಳು. ಬೀದಿಗೆಲ್ಲ ಇದ್ದದ್ದು ಅದೊಂದೇ ಕಲರ್ ಟೀವಿ. ನೋಡಲು ಬರುತ್ತಿದ್ದ ಮಕ್ಕಳೆಲ್ಲ "ಪುಕ್ಕಲಿ ವಿಭಾ" ಎಂದು ಆಡಿಕೊಂಡರು. ನನಗೆ ಮೈಯೆಲ್ಲ ಉರಿಯಿತು. ಹೆದರಿದವಳು ನಾನು, ನೋಡಬೇಕೋ ಬೇಡವೋ ಎಂದು ನನ್ನನ್ನು ಒಂದು ಮಾತು ಕೇಳಬಾರದೇ? ಆ ಕಥೆ ಮುಂದೇನಾಯಿತು ಎಂದು ನನಗೆ ತಿಳಿಯಲೇಬೇಕಿತ್ತು.

ನವರಾತ್ರಿ ಬಂತು. ಅಜ್ಜಿ ಮೆಟ್ಟಿಲು ಜೋಡಿಸಿ ಪಟ್ಟದ ಗೊಂಬೆಗಳನ್ನು, ಶೆಟ್ಟಿ-ಶೆಟ್ಟಮ್ಮನನ್ನು ಕೂರಿಸಿದಳು. ನಾನು ಹಳೇ ಪಂಚೆಯ ತುಂಡಿಗೆ ಹತ್ತಿ ತುರುಕಿ, ಬೋಳುತಲೆ ಮಾಡಿ, ಚೌಕಾಬಾರದ ಎರಡು ಕವಡೆಗಳನ್ನು ಕಣ್ಣಾಗಿ ಅಂಟಿಸಿಟ್ಟಿದ್ದೆ. ಅವಳು ಆರತಿ ತಟ್ಟೆ ತರಲು ಹೋದಾಗ ಅದನ್ನು ಶೆಟ್ಟಮ್ಮನ ಪಕ್ಕ ಕೂರಿಸಿದೆ. ಕಣ್ಣು ಮುಚ್ಚಿ ಹಾಡು ಹೇಳುತ್ತ ಆರತಿ ಎತ್ತಿದ ಅಜ್ಜಿ, ಕಣ್ಣು ಬಿಟ್ಟವಳೇ ಹೌಹಾರಿದಳು.

"ಯಾರೇ ಇದನ್ನ ಇಟ್ಟಿದ್ದು? ತೆಗಿ ಮೊದ್ಲು!"

"ಆರತಿ ಆಯ್ತಲ್ಲಜ್ಜಿ. ಕೂರಿಸಿದ ಗೊಂಬೇನ ವಿಜಯದಶಮಿವರೆಗೂ ಕದಲಿಸಬಾರ್ದು ಅಂತ ನೀನೇ ಹೇಳ್ಕೊಟ್ಟಿದ್ದು."

ಅಜ್ಜಿ ಗೊಣಗುತ್ತ ಆರತಿ ತಟ್ಟೆ ಎತ್ತಿಕೊಂಡು ಒಳಗೆ ಹೋದಳು.

ಸಂಜೆ ಗೊಂಬೆ ನೋಡಲು ಬಂದ ಮಕ್ಕಳು ಹೊಸಿಲಲ್ಲೇ ನಿಂತು ಚಕ್ಕುಲಿಗೆ ಕೈಚಾಚಿದರು. ಒಳಗೆ ಬರಲು ಒಬ್ಬರಿಗೂ ಧೈರ್ಯವಿಲ್ಲ. "ಬನ್ರೋ, ಕಚ್ಚಲ್ಲ" ಎಂದು ನಾನು ಅದರ ಪಕ್ಕದಲ್ಲೇ ಕುಳಿತೆ. ನನಗೂ ಹೆದರಿಕೆಯೇ. ಆದರೂ ಏಳಲಿಲ್ಲ.

ಹಬ್ಬದ ನಡುವೆಯೇ ಭಾನುವಾರ ಬಂತು. ನಾನು ಟೀವಿಯ ಬಟ್ಟೆ ಎಳೆದು ಹಾಕಿದೆ. ಅಜ್ಜಿ ಸ್ವಿಚ್ಚಿಗೆ ಕೈ ಅಡ್ಡ ಹಿಡಿದಳು.

"ಮತ್ತೆ ಚೀರ್ಕೊಂಡ್ರೆ ಏನೇ ಮಾಡೋದು?"

"ಚೀರ್ತೀನಿ. ಚೀರ್ಕೊಂಡೇ ನೋಡ್ತೀನಿ."

ಅಜ್ಜಿ ನನ್ನ ಮುಖ ನೋಡಿದಳು. ಮೆಟ್ಟಿಲ ಮೇಲಿನ ಕವಡೆ ಕಣ್ಣುಗಳನ್ನೂ ನೋಡಿದಳು. ಆಮೇಲೆ ಕೈ ತೆಗೆದು, "ಸರಿ, ಆ ಕಡೆ ಜರುಗು. ನಾನೂ ಕೂತ್ಕೋತೀನಿ" ಎಂದಳು.

ಬೋಳುತಲೆ ಬಂತು. ಕತ್ತು ಹೊರಳಿಸಿತು. ನಾನು ಚೀರಿದೆ, ಅಜ್ಜಿ ನನಗಿಂತ ಜೋರಾಗಿ ಚೀರಿದಳು. ಟೀವಿಯನ್ನು ಮಾತ್ರ ಇಬ್ಬರೂ ಆರಿಸಲಿಲ್ಲ.